ಸಂಕವ್ವ ಹೊಡೆಸಿದ ಡಂಗುರ

ಯಾವ ರಾಜ್ಯ, ಯಾವ ಕಾಲ ಅಂತ ಕೇಳಬೇಡಿ ಮಕ್ಕಳೇ, ನನಗೆ ಈ ಕಥೆ ಹೇಳಿದವರೂ ಹೇಳಲಿಲ್ಲ. ಅಲ್ಲೊಬ್ಬ ದೊರೆ ಇದ್ದ. ಅವನಿಗೊಂದು ನ್ಯಾಯಸಭೆ ಇತ್ತು. ಆ ಸಭೆಯ ಮೆಟ್ಟಿಲು ಹತ್ತಿ ಇಳಿದು ಕಾಲು ಸವೆಸಿದವಳು ಸಂಕವ್ವ ಅನ್ನುವ ಗಾಣಗಿತ್ತಿ.

ಸಂಕವ್ವನ ಗಂಡ ಮುದ್ದಪ್ಪ. ಗಾಣ ಆಡಿಸಿ ಎಣ್ಣೆ ಮಾರಿ ಚೆನ್ನಾಗಿಯೇ ಇದ್ದ. ಹೆಣ್ಣು ಕೂಸು ಹುಟ್ಟಿ ಮೂರು ತಿಂಗಳಾಗಿತ್ತು, ಅಷ್ಟರಲ್ಲಿ ಇನ್ನೊಬ್ಬಳ ಮೇಲೆ ಮನಸ್ಸಾಯಿತು. ಹೆಂಡತಿಯನ್ನೂ ಕೂಸನ್ನೂ ತವರಿಗೆ ಕಳಿಸಿ ಆ ಹೊಸಬಳನ್ನು ಮನೆಗೆ ತಂದುಕೊಂಡ, ಇವರನ್ನು ಮತ್ತೆ ಕರೆಯಲೇ ಇಲ್ಲ. ತವರಲ್ಲಿ ಇದ್ದ ಅನ್ನ ಅಣ್ಣ ಅತ್ತಿಗೆಗೇ ಸಾಲದು. ಸಂಕವ್ವ ಕಂಡವರ ಹೊಲದಲ್ಲಿ ಕಳೆ ಕಿತ್ತಳು. ನಿನ್ನ ಹಣೆಬರಹ ಅಂತ ಸುಮ್ಮನಿರು ಎಂದರು ಓಣಿಯವರು. ಸಂಕವ್ವ ಹಣೆ ಮುಟ್ಟಿ ನೋಡಿಕೊಂಡಳು, ಅಲ್ಲಿ ಅಂಥದ್ದೇನೂ ಬರೆದಿರಲಿಲ್ಲ. ಮೂರು ವರ್ಷದ ಮಗಳನ್ನು ಬಗಲಿಗೆತ್ತಿಕೊಂಡು ಸಭೆಗೆ ನಡೆದಳು. ನಮ್ಮಿಬ್ಬರ ಹೊಟ್ಟೆಬಟ್ಟೆಗೆ ಗಂಡನಿಂದ ಜೀವನಾಂಶ ಕೊಡಿಸಿ ಅಂತ ಕೇಳಿದಳು.

ವಿಚಾರಣೆ ಹುಣ್ಣಿಮೆಗೊಮ್ಮೆ. ಮೊದಲ ಹುಣ್ಣಿಮೆಗೆ ಮುದ್ದಪ್ಪ ಯಾರದೋ ಹರಕು ಧೋತರ ಉಟ್ಟು ಬಂದ. ದೀಪ ಮುಟ್ಟಿ ಆಣೆ ಇಟ್ಟ. ಎತ್ತು ನನ್ನವಲ್ಲ, ಗೆಳೆಯನವು ಅಂದ.

ಎರಡನೇ ಹುಣ್ಣಿಮೆಗೂ ಅದೇ ಧೋತರ, ಅದೇ ದೀಪ. ಮನೆ ನನ್ನದಲ್ಲ, ಅಕ್ಕನ ಗಂಡ ಭಾವನದು ಅಂದ.

ಮೂರನೇ ಹುಣ್ಣಿಮೆಗೆ ಸ್ವಲ್ಪ ಕಣ್ಣೀರನ್ನೂ ತಂದಿದ್ದ. ಗಾಣ ಸೋದರಮಾವನದು, ನಾನು ಅಲ್ಲಿ ಕೂಲಿಯಾಳು ಅಂದ.

ಮೂರು ಸಲವೂ ದೊರೆ ಗಡ್ಡ ನೀವಿಕೊಂಡು, ಇಲ್ಲದವನಿಂದ ಏನು ಕೊಡಿಸಲಿ ತಾಯಿ ಅಂದ. ಎರಡು ಸಲ ಸಂಕವ್ವ ಬರಿಗೈಲಿ ಮನೆಗೆ ಹೋದಳು. ಆ ಎತ್ತುಗಳಿಗೆ ಹಿಂಡಿ ತಿನ್ನಿಸಿದ್ದು ಅವಳು, ಆ ಗೋಡೆಗೆ ಮಣ್ಣು ಮೆತ್ತಿದ್ದು ಅವಳು. ಹೊಟ್ಟೆ ಉರಿಯದೆ ಇರುತ್ತದೆಯೇ? ಮೂರನೇ ಸಲ ಅವಳು ಕದಲಲಿಲ್ಲ.

ಆ ರಾಜ್ಯದಲ್ಲಿ ಒಂದು ಪದ್ಧತಿ ಇತ್ತು. ಸಭೆಯಲ್ಲಿ ದೀಪ ಮುಟ್ಟಿ ಹೇಳಿದ ಮಾತನ್ನು ಎದುರು ಪಕ್ಷದವರು ಸಾರಿಸಿ ಅಂತ ಕೇಳಿದರೆ ಊರಲ್ಲೆಲ್ಲ ಡಂಗುರ ಹೊಡೆಸಬೇಕು. ಆದರೆ ಕೇಳಿದವರು ಡಂಗುರದವನ ಜೊತೆ ತಾವೇ ಬೀದಿ ಬೀದಿ ನಡೆಯಬೇಕು. ಮಾನಕ್ಕಂಜಿ ಯಾರೂ ಕೇಳುತ್ತಿರಲಿಲ್ಲ, ಅದರಲ್ಲೂ ಹೆಂಗಸರು. ಮುದ್ದಪ್ಪನ ಧೈರ್ಯವೆಲ್ಲ ಅದೇ.

"ಡಂಗುರ ಹೊಡಸ್ರಿ ದೊರಿ, ನಾ ನಡೀತೀನಿ," ಅಂದಳು ಸಂಕವ್ವ.

ಮುದ್ದಪ್ಪನ ಕಣ್ಣೀರು ಅಲ್ಲೇ ಒಣಗಿತು.

ಡಂಗುರದವನು ಮುಂದೆ, ಮಗಳನ್ನೆತ್ತಿಕೊಂಡ ಸಂಕವ್ವ ಹಿಂದೆ. ಕೆಲವರು ನಕ್ಕರು, ಕೆಲವರು ಬಾಗಿಲು ಹಾಕಿಕೊಂಡರು. ಅವಳಿಗೆ ನಾಚಿಕೆಯಾಗಲಿಲ್ಲ ಅಂದರೆ ಸುಳ್ಳು, ಆಯಿತು. ಆದರೂ ನಡೆದಳು. ಗೆಳೆಯನ ಬಾಗಿಲಲ್ಲಿ ನಿಂತು ಸಾರಿಸಿದಳು, ಎತ್ತು ನಿನ್ನವಂತೆ. ಭಾವನ ಬಾಗಿಲಲ್ಲಿ ಸಾರಿಸಿದಳು, ಮನೆ ನಿನ್ನದಂತೆ. ಸೋದರಮಾವನ ಬಾಗಿಲಲ್ಲಿ ಸಾರಿಸಿದಳು, ಗಾಣ ನಿನ್ನದಂತೆ. ಪಾಪ, ಆ ಮೂವರಿಗೂ ಅಲ್ಲಿಯ ತನಕ ವಿಷಯವೇ ಗೊತ್ತಿರಲಿಲ್ಲ.

ಗೊತ್ತಾದ ಮೇಲೆ ಬಿಡುತ್ತಾರೆಯೇ? ಗೆಳೆಯ ಬಂದು ಎತ್ತು ಹೊಡೆದುಕೊಂಡು ಹೋದ. ಸೋದರಮಾವ ಗಾಣ ಕಿತ್ತು ಬಂಡಿಗೆ ಹೇರಿದ. ಭಾವ ಹೆಂಡತಿ ಮಕ್ಕಳ ಸಮೇತ ಬಂದು ಮನೆ ಹೊಕ್ಕ, ಮುದ್ದಪ್ಪನ ಹಾಸಿಗೆ ಬೀದಿಗೆ ಬಂತು. ಹೊಸಬಳು ಹಾಸಿಗೆಯನ್ನು ನೋಡಿದಳು, ಮುದ್ದಪ್ಪನನ್ನು ನೋಡಿದಳು, ತನ್ನೂರಿನ ದಾರಿ ಹಿಡಿದಳು.

ಮುದ್ದಪ್ಪ ಎದ್ದೆನೋ ಬಿದ್ದೆನೋ ಅಂತ ಸಭೆಗೆ ಓಡಿದ. ಎಲ್ಲ ನನ್ನದು ದೊರೆಯೇ, ನನ್ನ ದುಡಿಮೆ, ಕಳ್ಳರು ದೋಚಿಕೊಂಡು ಹೋದರು ಅಂತ ಬಾಯಿ ಬಾಯಿ ಬಡಿದುಕೊಂಡ. ದೊರೆ ಸಂಕವ್ವನನ್ನು ಕರೆಸಿ, ಇದಕ್ಕೆ ಏನಂತೀಯ ಅಂತ ಕೇಳಿದ.

"ಮೂರು ಸಲ ಇಲ್ಲ ಅಂದಾಗ ನೀವು ನಂಬಿದ್ರಿ," ಅಂದಳು ಸಂಕವ್ವ. "ಈಗ ಐತಿ ಅಂತಾರ. ಯಾವುದು ಖರೇ ಅಂತ ಅವರೇ ಹೇಳ್ಲಿ. ಇಲ್ಲ ಅಂದ್ರ ಇಲ್ಲ, ಐತಿ ಅಂದ್ರ ನಮ್ಮ ಪಾಲೂ ಅದರಾಗ ಐತಿ."

ಮುದ್ದಪ್ಪ ಆಕಡೆ ನೋಡಿದ, ಈಕಡೆ ನೋಡಿದ. ಕೊನೆಗೆ ತಲೆ ತಗ್ಗಿಸಿ, ಐತ್ರಿ ಅಂದ.

ದೊರೆಗೆ ಗಡ್ಡ ನೀವಿಕೊಂಡು ನಂಬಿದ್ದಕ್ಕೆ ನಾಚಿಕೆಯಾಯಿತು. ಮೂವರಿಂದಲೂ ಸೊತ್ತು ವಾಪಸು ಕೊಡಿಸಿದ. ಸುಳ್ಳು ಆಣೆಯ ದಂಡಕ್ಕೆ ಮನೆಯನ್ನು ಸಂಕವ್ವನಿಗೆ ಬರೆದ. ಪ್ರತಿ ಹುಣ್ಣಿಮೆಗೂ ಒಂದು ಚೀಲ ಜೋಳ, ಒಂದು ಗಡಿಗೆ ಎಣ್ಣೆ ಮುಟ್ಟಿಸಬೇಕು ಅಂತ ಅಪ್ಪಣೆ ಕೊಟ್ಟ. ಆಳಿನ ಕೈಲಿ ಕಳಿಸುತ್ತೇನೆ ಅಂದ ಮುದ್ದಪ್ಪ.

"ಆಳು ಬ್ಯಾಡ್ರಿ, ಅವರೇ ಹೊತ್ತು ತರ್ಲಿ," ಅಂದಳು ಸಂಕವ್ವ. "ಈ ಕೂಸಿಗೆ ತನ್ನ ಅಪ್ಪ ಯಾರಂತ ಇನ್ನೂ ಗೊತ್ತಿಲ್ಲ."

ಮೂರು ವರ್ಷದಲ್ಲಿ ಮೊದಲ ಸಲ ಮುದ್ದಪ್ಪ ಮಗಳ ಮುಖ ದಿಟ್ಟಿಸಿ ನೋಡಿದ. ಮುಂದಿನ ಹುಣ್ಣಿಮೆಗೆ ಚೀಲ ಹೊತ್ತು ಬಂದು ಬಾಗಿಲಲ್ಲಿ ನಿಂತ. ಸಂಕವ್ವ ಜೋಳ ಒಳಗೆ ತೆಗೆದುಕೊಂಡಳು, ಅವನನ್ನು ಒಳಗೆ ಕರೆಯಲಿಲ್ಲ.

ತಿಳಿಯಿತೇ ಮಕ್ಕಳೇ? ಕೈಹಿಡಿದವಳನ್ನು ಬಿಟ್ಟು ಹೋಗಬಹುದು, ಅವಳಿಗೂ ಮಕ್ಕಳಿಗೂ ಅನ್ನ ಕೊಡುವ ಹೊಣೆಯನ್ನು ಬಿಟ್ಟು ಹೋಗಲಾಗದು. ಅದನ್ನು ತಪ್ಪಿಸಿಕೊಳ್ಳಲು ಸುಳ್ಳು ಹೇಳಿದವನು ಇದ್ದದ್ದನ್ನೂ ಕಳೆದುಕೊಳ್ಳುತ್ತಾನೆ. ನಿಮ್ಮ ಪಾಲನ್ನು ಕೇಳಲು ನೀವೆಂದೂ ನಾಚಬೇಡಿ.