ಮೇಟಿಯ ಪಕ್ಕದ ಚುಕ್ಕಿ

ಭೂಮಿಗೆ ಇನ್ನೂ ಹಸಿಮಣ್ಣಿನ ವಾಸನೆ ಇದ್ದ ಕಾಲ. ಆಗ ಆಕಾಶವೆಂದರೆ ಸಾರಿಸಿ ಒಣಗಿಸಿದ ಒಂದು ದೊಡ್ಡ ಕಣ. ಅದರ ಒಡತಿ ಮುಗಿಲವ್ವ. ಅವಳು ಬಡಗಣ ದಿಕ್ಕಿನಲ್ಲಿ ಮೇಟಿಕಂಬ ನೆಟ್ಟಳು, ಸುತ್ತಲೂ ಬೆಳಕಿನ ತೆನೆ ಹರಡಿದಳು, ತುಳಿಯೋದಕ್ಕೆ ಚುಕ್ಕಿಗಳನ್ನೆಲ್ಲ ಎತ್ತುಗಳ ಹಾಗೆ ಒಂದೇ ಹಗ್ಗಕ್ಕೆ ಸಾಲಾಗಿ ಕಟ್ಟಿ, ಮೇಟಿಯ ಸುತ್ತ ತಿರುಗೋ ಹಾಗೆ ಹಗ್ಗದ ತುದಿಯನ್ನು ಅದಕ್ಕೆ ಬಿಗಿದಳು.

ಮೇಟಿಯ ಪಕ್ಕ ಮುದಿಚುಕ್ಕಿ ಬೋಳಜ್ಜ. ಸಾಲಿನ ಕೊನೆಗೆ ಎಳೆಚುಕ್ಕಿ ಮಿಣುಕಿ.

"ಹೋ, ಹೋ!" ಅಂದಳು ಮುಗಿಲವ್ವ. ಸಾಲು ತಿರುಗಿತು.

ಮಿಣುಕಿ ಓಡಿದಳು, ಓಡಿದಳು, ಒಂದು ಸುತ್ತು ಮುಗಿಯೋ ಹೊತ್ತಿಗೆ ನಾಲಿಗೆ ಹೊರಗೆ ಬಂದಿತ್ತು. ಮೇಟಿಯ ಕಡೆ ನೋಡಿದರೆ ಬೋಳಜ್ಜನದೂ ಸುತ್ತು ಮುಗಿದಿದೆ! ಹಣೆಯ ಮೇಲೆ ಒಂದು ಹನಿ ಬೆವರಿಲ್ಲ.

"ಅಲ್ಲಾ, ಇದೆಂಥದು?" ಮಿಣುಕಿಯ ತಲೆ ಕೆಟ್ಟುಹೋಯಿತು. "ಒಟ್ಟಿಗೆ ಹೊರಟ್ವಿ, ಒಟ್ಟಿಗೆ ಮುಗಿಸಿದ್ವಿ. ಏದುಸಿರು ನನಗೊಬ್ಬಳಿಗೇ ಯಾಕೆ?"

ಗಾಳಿಯನ್ನು ಕೇಳಿದಳು. "ನೀನೇ ಜೋರು ಕಣೇ, ನಿನ್ನ ಹಿಂದೆ ಬಂದು ನನಗೇ ಸುಸ್ತು," ಅಂತು ಗಾಳಿ.

ಕೆಳಗಿದ್ದ ಹೊಳೆಯನ್ನು ಕೇಳಿದಳು. "ಇಬ್ಬರದೂ ಒಂದೊಂದೇ ಸುತ್ತು. ಇಬ್ಬರೂ ಸಮಸಮ," ಅಂತು ಹೊಳೆ.

ಗಾಳಿಯ ಮಾತು ನಿಜವಾದರೆ ತಾನು ಮೊದಲು ಮುಗಿಸಬೇಕಿತ್ತಲ್ಲ? ಹೊಳೆಯ ಮಾತು ನಿಜವಾದರೆ ಕಾಲು ಯಾಕಿಷ್ಟು ನೋಯ್ತಿದೆ? ಪಾಪ, ಮಿಣುಕಿಗೆ ತಲೆಬುಡ ತಿಳಿಯಲಿಲ್ಲ. ತಿಳಿಯದೆ ಸಿಟ್ಟು ಬಂತು.

"ಅವ್ವಾ, ಈ ಅಜ್ಜ ಮೈಗಳ್ಳ!"

ಮುಗಿಲವ್ವ ತಲೆ ಕೆರೆದುಕೊಂಡಳು. ಅವಳು ಎಣಿಸುತ್ತಿದ್ದದ್ದು ಸುತ್ತುಗಳನ್ನು ಮಾತ್ರ. "ಸರಿ ಮಾರಾಯ್ತಿ, ಇಬ್ಬರೂ ಜಾಗ ಬದಲಾಯಿಸಿ. ಯಾರು ಹಿಂದೆ ಬೀಳ್ತಾರೋ ಅವರ ಹಗ್ಗ ಬಿಚ್ತೀನಿ."

ಹಗ್ಗ ಬಿಚ್ಚಿದ ಚುಕ್ಕಿ ಆಕಾಶದಿಂದ ಉದುರಿಹೋಗುತ್ತದೆ. ಬೋಳಜ್ಜನಿಗೆ ಅದು ಗೊತ್ತಿತ್ತು. ಆದರೂ "ಆಗಲಿ ಕೂಸೇ" ಅಂತ ಕೊನೆಗೆ ಹೋಗಿ ನಿಂತ.

ಸಾಲು ತಿರುಗಿತು. ಮೇಟಿಯ ಪಕ್ಕ ಮಿಣುಕಿ ಹೆಜ್ಜೆ ಎಣಿಸಿದಳು. ಹತ್ತು, ಹದಿನೈದು, ಇಪ್ಪತ್ತು. ಅರೆ, ಸುತ್ತೇ ಮುಗೀತು! ಇದೇನು ಮಾಯವೋ ಅಂತ ತಿರುಗಿ ನೋಡಿದಳು.

ಅಯ್ಯೋ! ದೂರದಲ್ಲಿ ಬೋಳಜ್ಜ ಓಡಲಾರದೆ ಓಡುತ್ತಿದ್ದ. ಮೊಣಕಾಲು ಕುಸಿಯುತ್ತಿತ್ತು, ಹಗ್ಗ ಜಗ್ಗುತ್ತಿತ್ತು, ಮೈಯ ಬೆಳಕೆಲ್ಲ ದಾರಿಯುದ್ದಕ್ಕೂ ಚೆಲ್ಲುತ್ತಿತ್ತು. ಮುಗಿಲವ್ವನ ಕೈ ಆಗಲೇ ಗಂಟಿನ ಮೇಲಿತ್ತು.

"ತಾಳವ್ವಾ, ಬಿಚ್ಚಬೇಡ!" ಮಿಣುಕಿ ಕಿರುಚಿದಳು. "ನಾನು ಇಪ್ಪತ್ತು ಹೆಜ್ಜೆ ಇಡೋದರೊಳಗೆ ಅಜ್ಜ ಇನ್ನೂರು ಹೆಜ್ಜೆ ಓಡಬೇಕು! ಸುತ್ತು ಒಂದೇ, ದಾರಿ ಮಾತ್ರ ಅವನದು ಉದ್ದ. ತಪ್ಪು ನಂದು."

ಮುಗಿಲವ್ವ ಗಂಟಿನಿಂದ ಕೈ ತೆಗೆದಳು. ಮಿಣುಕಿ ಅಳುತ್ತಳುತ್ತಲೇ ಅಜ್ಜನನ್ನು ಕೈಹಿಡಿದು ಮೇಟಿಯ ಪಕ್ಕಕ್ಕೆ ತಂದಳು. ಆಮೇಲೆ ತಾನೇ ಕೊನೆಗೆ ಹೋಗಿ ಹಗ್ಗಕ್ಕೆ ಕೊರಳು ಕೊಟ್ಟಳು. ಕಣದಲ್ಲಿ ಮುದಿ ಎತ್ತನ್ನು ಮೇಟಿಯ ಹತ್ತಿರ ಕಟ್ಟೋದನ್ನು ನಮ್ಮ ಜನ ಕಲಿತದ್ದು ಅವತ್ತೇ.

ಅದಕ್ಕೇ ಕಂದಾ, ಮುಸ್ಸಂಜೆ ಕಳೆದ ಮೇಲೆ ನೋಡು. ನೆತ್ತಿಯ ಮೇಲಿನ ಚುಕ್ಕಿಗಳು ಮೂಡಲಿಂದ ಪಡುವಲಿಗೆ ಓಡುತ್ತಲೇ ಇರುತ್ತವೆ, ಬಡಗಣದಲ್ಲಿ ಕೆಳಗೆ ಒಂದು ಮಂಕುಚುಕ್ಕಿ ಮಾತ್ರ ಇದ್ದಲ್ಲೇ ಇದ್ದ ಹಾಗೆ ಕಾಣುತ್ತದೆ. ಅದನ್ನು ಸೋಮಾರಿ ಅನ್ನಬೇಡ. ಮಿಣುಕಿ ಒಂದು ಸುತ್ತು ಓಡಿ ಬರುವಷ್ಟರಲ್ಲಿ ಬೋಳಜ್ಜನೂ ತನ್ನ ಪುಟ್ಟ ಪುಟ್ಟ ಹೆಜ್ಜೆಯಲ್ಲಿ ಒಂದು ಸುತ್ತು ಮುಗಿಸಿರುತ್ತಾನೆ.