ಹನ್ನೊಂದು ಮಂಗಳವಾರಗಳ ನವಿಲು

೧೯೬೧ರ ನನ್ನ ಡೈರಿ ತೆಗೆದು ನೋಡಿ. ಮಾರ್ಚ್ ಹದಿನಾಲ್ಕು, ಮಂಗಳವಾರ. ಪುಟ ತಿರುವಿ. ಮತ್ತೆ ಮಾರ್ಚ್ ಹದಿನಾಲ್ಕು, ಮಂಗಳವಾರ. ಹೀಗೆ ಹನ್ನೊಂದು ಪುಟ. ನಾನು ಬಿ.ಎ. ಓದಿದವಳು, ತಾರೀಖು ತಪ್ಪುವವಳಲ್ಲ. ಕೇಳಿ ಮಕ್ಕಳೇ.

ಒಂದಾನೊಂದು ಊರಿನಲ್ಲಿ, ಅಂದರೆ ನನ್ನ ತವರಿನಲ್ಲಿ, ನನ್ನ ಅಮ್ಮ ದೇವೀರಮ್ಮ ಅಂಗಳದಲ್ಲಿ ಒಂದು ರಂಗೋಲಿ ನವಿಲು ಬಿಡಿಸಿದಳು. ಮಂಗಳವಾರವಾದ್ದರಿಂದ ಕೆಂಪು ನವಿಲು. ಕಣ್ಣಿನ ಚುಕ್ಕೆ ಇಟ್ಟದ್ದೇ ತಡ, ಅದು "ಅಮ್ಮಾ" ಎಂದಿತು. ಅಮ್ಮ ನನ್ನ ಕಡೆ ತಿರುಗಿದಳು. "ನಾನಲ್ಲ" ಎಂದೆ.

ಬೆಳಗಾದರೆ ಅಂಗಳ ಸಾರಿಸಬೇಕು, ಹೊಸ ರಂಗೋಲಿ ಹಾಕಬೇಕು. ಅಮ್ಮ ಸಾರಿಸಲಿಲ್ಲ. ಸೂರ್ಯ ಬಂದು ಅಂಗಳ ನೋಡಿದ. "ನಿನ್ನೆಯ ರಂಗೋಲಿಯೇ ಇದೆ. ಹಾಗಾದರೆ ಇನ್ನೂ ನಿನ್ನೆಯೇ" ಎಂದು ಮಂಗಳವಾರವನ್ನೇ ಮತ್ತೊಮ್ಮೆ ಮಾಡಿ ಹೋದ.

ಹೆಪ್ಪು ಹಾಕಿದ ಹಾಲು ಹಾಲಾಗಿಯೇ ಉಳಿಯಿತು. ಮಂಗಳವಾರ ಕ್ಷೌರವಿಲ್ಲ, ಊರ ಗಂಡಸರ ಗಡ್ಡ ಹೊಕ್ಕುಳಿಗೆ ಇಳಿಯಿತು. ಅದೆಲ್ಲ ಹೋಗಲಿ. ಸೂಲಗಿತ್ತಿ ಕೆಂಚವ್ವ ನನ್ನ ಹೊಟ್ಟೆ ಮುಟ್ಟಿ, "ಬುಧವಾರ ಹೊತ್ತಾರೆ ಕೂಸು" ಎಂದಿದ್ದಳು. ಆ ಕೂಸು, ಅಂದರೆ ನಿಮ್ಮ ಅಪ್ಪ, ಬುಧವಾರಕ್ಕಾಗಿ ಒಳಗೇ ಕಾಯುತ್ತಿದ್ದ. ಕಾಯುತ್ತ ಬೆಳೆಯುತ್ತಿದ್ದ. ನಾನು ಬಾಗಿಲಲ್ಲಿ ಹಿಡಿಸದಂತಾದೆ.

"ಸಾರಿಸಿಬಿಡಮ್ಮ. ನನ್ನ ಕೈಲಿ ಬಗ್ಗೋಕಾಗಲ್ಲ."

"ನಾಳೆ ಸಾರಿಸ್ತೀನಿ ಕಣೇ."

"ನಾಳೆ ಬಂದರೆ ತಾನೆ!" ಎಂದು ಕೆಂಚವ್ವ ರೇಗಿದಳು. "ನಿಮಗೆ ಮಗಳು ಬೇಕೋ, ನವಿಲು ಬೇಕೋ, ದೇವೀರಮ್ಮೋರೆ?"

"ತಡಿಯೇ, ಇನ್ನೊಂದು ಗರಿ" ಎಂದಳು ಅಮ್ಮ.

ಗರಿ ಅಂಗಳ ದಾಟಿತು, ಬೀದಿ ದಾಟಿತು, ಬಾವಿಯನ್ನು ಸುತ್ತಿ ಬಂತು. ಎಲ್ಲ ಕೆಂಪು. ಹನ್ನೊಂದನೆಯ ಮಂಗಳವಾರ ನವಿಲು ಮುನಿಸಿಕೊಂಡಿತು.

"ಅಮ್ಮಾ, ನನಗೆ ಹಸಿರು ಗರಿ ಬೇಕು."

"ಹಸಿರು ಬುಧವಾರದ ಬಣ್ಣ, ಕಂದ. ಬುಧವಾರ ಬರಬೇಕಾದರೆ ನಿನ್ನನ್ನು ಸಾರಿಸಬೇಕು."

"ಸಾರಿಸು. ಆದರೆ ಹಸಿರು ತಾ."

ಅಮ್ಮ ಅತ್ತಳು. ನಾನು ಹನ್ನೊಂದು ಸಲ ಬೇಡಿದರೂ ಬಗ್ಗದ ಬೆನ್ನು, ನವಿಲು ಒಂದು ಸಲ ಕೇಳಿದ್ದಕ್ಕೆ ಬಗ್ಗಿತು. ಗರಿಯ ತುದಿಯಿಂದ ಸಾರಿಸುತ್ತ ಬಂದಳು. ಕಣ್ಣು ಕೊನೆಗೆ.

ಬುಧವಾರ ಬಂತು. ಹಾಲು ಮೊಸರಾಯಿತು. ಅಮ್ಮ ಎರಡು ಕೈ ತುಂಬ ಹಸಿರು ಪುಡಿ ಹಿಡಿದು, ಒದ್ದೆ ಅಂಗಳ ನೋಡುತ್ತ ನಿಂತೇ ಇದ್ದಳು. ಕೆಂಚವ್ವ ಆ ಕೈಗೇ ಕೂಸನ್ನು ಹಾಕಿದಳು. ನಿಮ್ಮ ಅಪ್ಪನ ಬೆನ್ನು ಮೂರು ದಿನ ಹಸಿರಾಗಿತ್ತು.

ನೀತಿ ಬೇಕೆನ್ನುವವರಿಗೆ: ಹೆರಿಗೆಗೆ ಬಂದವರು ತವರಿನಲ್ಲಿ ನವಿಲು ಬಿಡಿಸಲು ಬಿಡಬಾರದು.

ಡೈರಿಯ ಹನ್ನೆರಡನೆಯ ಪುಟದಲ್ಲಿರುವುದು ಇಷ್ಟು. ಒಂದು ಬುಧವಾರಕ್ಕೆ ತಗುಲಿದ್ದು: ಒಂದು ಬಕೆಟ್ ಸಗಣಿ ನೀರು, ಒಂದು ನವಿಲು. ಅಮ್ಮ ಆಮೇಲೆ ಮೂವತ್ತು ವರ್ಷ ಬದುಕಿದಳು. ದಿನವೂ ನಾಲ್ಕು ಗೆರೆ ಎಳೆದಳು. ಕಣ್ಣಿನ ಚುಕ್ಕೆ ಮತ್ತೆ ಇಡಲಿಲ್ಲ.