ಒಂಬತ್ತು ಇಲ್ಲದ ಹಾಳೆಗಳು

“ಗುರುಗಳೇ, ನನ್ನಿಂದ ಆಯಿತು ಎನ್ನುವುದರಲ್ಲಿ ನಿಜವಾಗಿ ನನ್ನದು ಎಷ್ಟು ಎಂದು ತಿಳಿಯುವುದು ಹೇಗೆ?”

ಕೇಳಿದವನು ಮಲ್ಲಿನಾಥ. ಗುರುಗಳ ವಿದ್ಯಾರ್ಥಿನಿಲಯದಲ್ಲಿ ಆರು ವರ್ಷಗಳಿಂದ ಗಣಿತ ಹೇಳಿಕೊಡುತ್ತಿದ್ದ ಶಿಷ್ಯ. ಆ ವರ್ಷ ಅವನ ಬಳಿ ಕಲಿತ ಹುಡುಗಿಯೊಬ್ಬಳು ಪರೀಕ್ಷೆಯಲ್ಲಿ ಜಿಲ್ಲೆಗೇ ಮೊದಲಿಗಳಾದಳು. ಜನ ಮಲ್ಲಿನಾಥನಿಗೆ ಹಾರ ಹಾಕಿದರು. ಹುಡುಗಿಯ ಹಳೆಯ ಶಾಲೆಯ ಟೀಚರು, ಬುನಾದಿ ಹಾಕಿದ್ದು ನಾನು ಎಂದರು. ಹುಡುಗಿಯನ್ನು ಕೇಳಿದರೆ, ನಾನೇ ಓದಿಕೊಂಡೆ ಎಂದಳು. ಮೂವರು ಹೇಳಿದ್ದೂ ಮಲ್ಲಿನಾಥನಿಗೆ ನಿಜವೆಂದೇ ತೋರಿತು. ಮೂರೂ ಒಟ್ಟಿಗೆ ಹೇಗೆ ನಿಜ ಎಂಬುದು ಮಾತ್ರ ತಿಳಿಯಲಿಲ್ಲ. ಅಂದಿನಿಂದ ಆರು ದಿನ ಅವನು ತರಗತಿಗೆ ಹೋಗಿರಲಿಲ್ಲ.

ಗುರುಗಳು ಅವನನ್ನು ಕೂರಲು ಹೇಳಿ ಈ ಕತೆ ಹೇಳಿದರು.

ಒಬ್ಬಳು ಬಾಸ್ಕೆಟ್‌ಬಾಲ್ ಆಟಗಾರ್ತಿ ಇದ್ದಳು. ಹೆಸರು ಕಸ್ತೂರಿ ಎಂದಿಟ್ಟುಕೋ. ಒಂದು ಸರ್ಕಾರಿ ಕಚೇರಿಯ ತಂಡಕ್ಕೆ ಆಡುತ್ತಿದ್ದಳು. ತಾನೂ ಚೆಂಡನ್ನು ಬುಟ್ಟಿಗೆ ಹಾಕುವಳು, ಹಾಕಬಲ್ಲವರಿಗೂ ಕೊಡುವಳು. ಎರಡನ್ನೂ ಚೆನ್ನಾಗಿ ಮಾಡುವವರು ಕಡಿಮೆ. ಹಾಕುವವರು ಕೊಡುವುದಿಲ್ಲ, ಕೊಡುವವರಿಗೆ ಹಾಕಲು ಧೈರ್ಯ ಸಾಲುವುದಿಲ್ಲ.

ಆ ಆಟದಲ್ಲಿ ಒಂದು ಲೆಕ್ಕವಿದೆ. ನೀನು ಕೊಟ್ಟ ಚೆಂಡನ್ನು ಹಿಡಿದವರು ಕೂಡಲೇ ಬುಟ್ಟಿಗೆ ಹಾಕಿದರೆ ಅಂಕ ಅವರದು. ಆದರೆ ಕೊಟ್ಟದ್ದಕ್ಕಾಗಿ ನಿನ್ನ ಹೆಸರಿಗೂ ಒಂದು ಗೆರೆ ಎಳೆಯುತ್ತಾರೆ. ಅದನ್ನು ಅಸಿಸ್ಟ್ ಎನ್ನುತ್ತಾರೆ. ಹಿಡಿದವರು ಚೆಂಡನ್ನು ನಾಲ್ಕಾರು ಸಲ ನೆಲಕ್ಕೆ ತಟ್ಟಿ, ತಾವೇ ದಾರಿ ಮಾಡಿಕೊಂಡು ಹೋಗಿ ಹಾಕಿದರೆ ಆ ಗೆರೆ ಇಲ್ಲ. ಎಲ್ಲಿಯವರೆಗೆ ಕೊಟ್ಟವರದು, ಎಲ್ಲಿಂದ ಹಿಡಿದವರದು ಎಂದು ಹೇಳಲು ಅಂಗಳದಲ್ಲಿ ಯಾವ ಗುರುತೂ ಇಲ್ಲ. ಪಕ್ಕದ ಮೇಜಿನಲ್ಲಿ ಕೂತು ಬರೆಯುವವರ ಕಣ್ಣೇ ಅದನ್ನು ತೀರ್ಮಾನಿಸಬೇಕು.

ಒಂದೇ ಪಂದ್ಯದಲ್ಲಿ ಮೂವತ್ತು ಅಂಕ ಹಾಕಿ ಹತ್ತು ಅಸಿಸ್ಟ್ ಕೊಡುವುದು ದೊಡ್ಡ ಮಾತು. ಹಿಂದೆ ಒಬ್ಬಾಕೆ ಇಪ್ಪತ್ತೆರಡು ಪಂದ್ಯಗಳಲ್ಲಿ ಹಾಗೆ ಆಡಿದ್ದರು. ಅದು ಬಹಳ ವರ್ಷ ದಾಖಲೆಯಾಗಿ ಉಳಿದಿತ್ತು. ಕಸ್ತೂರಿ ತನ್ನ ಇಪ್ಪತ್ತೊಂಬತ್ತನೆಯ ವಯಸ್ಸಿನಲ್ಲಿ ಇಪ್ಪತ್ತಮೂರನೆಯ ಅಂಥ ಪಂದ್ಯ ಆಡಿದಳು.

ಕಚೇರಿಯವರು ಸನ್ಮಾನ ಇಟ್ಟುಕೊಂಡರು. ಶಾಲು ಹೊದಿಸಿದರು. ಊಟದ ಹೊತ್ತಿನಲ್ಲಿ ಅವಳ ಜೊತೆಗಾತಿ ಜೆಸಿಂತಾ ಎಲೆಯ ಮುಂದೆ ಕೂತು ನಗುತ್ತಾ ಒಂದು ಮಾತು ಹೇಳಿದಳು. ತಂಡದಲ್ಲಿ ಎಲ್ಲರಿಗಿಂತ ಎತ್ತರದವಳು ಈ ಜೆಸಿಂತಾ. ಕಸ್ತೂರಿ ಕೊಟ್ಟ ಚೆಂಡುಗಳಲ್ಲಿ ಅರ್ಧಕ್ಕೂ ಹೆಚ್ಚು ಅವಳ ಕೈಗೇ ಹೋಗುತ್ತಿದ್ದವು.

“ಇಪ್ಪತ್ತಮೂರರಲ್ಲಿ ಹತ್ತೊಂಬತ್ತನೆಯದನ್ನು ನಿನಗೆ ಕೊಟ್ಟವರು ಸೂರಪ್ಪ ಮೇಷ್ಟ್ರು ಕಣೆ. ಆವತ್ತಿನ ಕೊನೆಯ ಬುಟ್ಟಿ ನೆನಪಿದೆಯಾ? ನಿನ್ನಿಂದ ಚೆಂಡು ಬಂದಮೇಲೆ ನಾನು ಇಬ್ಬರನ್ನು ದಾಟಿಕೊಂಡು ಹೋಗಿ ಹಾಕಿದ್ದು. ಅವರು ಸುಮ್ಮನೆ ನಿನ್ನ ಹೆಸರಿಗೆ ಹತ್ತನೆಯ ಗೆರೆ ಎಳೆದರು.”

ಎಲ್ಲರೂ ನಕ್ಕರು. ಕಸ್ತೂರಿಯೂ ನಕ್ಕಳು. ಕೈ ತೊಳೆಯುವಾಗ ಅವಳ ನಗು ನಿಂತಿತ್ತು.

ಸೂರಪ್ಪ ಮೇಷ್ಟ್ರು ಎಂದರೆ ಕಸ್ತೂರಿಯ ಊರಿನಲ್ಲಿ ಮೇಜಿಗೆ ಕೂತು ಬರೆಯುತ್ತಿದ್ದವರು. ಹಿಂದೆ ಶಾಲೆಯಲ್ಲಿ ಚಿತ್ರಕಲೆ ಕಲಿಸುತ್ತಿದ್ದರು. ಮೂವತ್ತು ವರ್ಷಗಳಿಂದ ಊರಿನ ಎಲ್ಲ ಪಂದ್ಯಗಳಿಗೂ ಅವರದೇ ಬರಹ. ಯಾರೂ ಅವರ ಮೇಲೆ ಬೆರಳು ಎತ್ತಿದ್ದಿಲ್ಲ.

ಮರುದಿನ ಕಸ್ತೂರಿ ಕ್ರೀಡಾ ಸಂಘಕ್ಕೆ ಹೋಗಿ ತನ್ನ ಹಳೆಯ ಪಂದ್ಯಗಳ ಹಾಳೆಗಳನ್ನೆಲ್ಲ ತೆಗೆಸಿ ನೋಡಿದಳು. ಇಪ್ಪತ್ತಮೂರರಲ್ಲಿ ಹದಿನೇಳು ಪಂದ್ಯಗಳು ಆ ಊರಿನಲ್ಲೇ ನಡೆದಿದ್ದವು. ಹದಿನೇಳರಲ್ಲಿ ಎಂಟು ಪಂದ್ಯಗಳಲ್ಲಿ ಅವಳ ಅಸಿಸ್ಟ್ ಸರಿಯಾಗಿ ಹತ್ತು. ದಾಖಲೆಗೆ ಸೇರದ ಪಂದ್ಯಗಳನ್ನೂ ನೋಡಿದಳು. ಬೇರೆ ಊರುಗಳಲ್ಲಿ ಮೂವತ್ತು ಅಂಕ ಹಾಕಿ, ಒಂಬತ್ತು ಅಸಿಸ್ಟ್‌ಗೆ ನಿಂತುಹೋದ ಪಂದ್ಯಗಳು ನಾಲ್ಕು ಸಿಕ್ಕವು. ಸೂರಪ್ಪ ಮೇಷ್ಟ್ರ ಹಾಳೆಗಳಲ್ಲಿ ಏಳು ಇತ್ತು, ಎಂಟು ಇತ್ತು, ಹತ್ತು, ಹನ್ನೊಂದು ಇತ್ತು. ಒಂಬತ್ತು ಒಂದೇ ಒಂದು ಕಡೆಯೂ ಇರಲಿಲ್ಲ.

ಅವಳು ಹಾಳೆಗಳನ್ನು ಎರಡು ಸಲ ತಿರುವಿ ಹಾಕಿದಳು. ಆಮೇಲೆ ನೇರವಾಗಿ ಮೇಷ್ಟ್ರ ಮನೆಗೆ ಹೋದಳು.

ಮೇಷ್ಟ್ರು ಜಗಲಿಯಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದರು. ಅವಳನ್ನು ಕಂಡು ಬಹಳ ಸಂತೋಷಪಟ್ಟು, ಒಳಗೆ ಕೂಗಿ ಕಾಫಿ ತರಲು ಹೇಳಿದರು. ಕಸ್ತೂರಿ ನಿಂತೇ ಕೇಳಿದಳು.

“ಮೇಷ್ಟ್ರೇ, ನಿಮ್ಮ ಹಾಳೆಗಳಲ್ಲಿ ನನಗೆ ಒಂಬತ್ತು ಯಾಕಿಲ್ಲ?”

ಮೇಷ್ಟ್ರಿಗೆ ಅರ್ಥವಾಗಲಿಲ್ಲ. ಅವಳು ಬಿಡಿಸಿ ಹೇಳಿದಳು. ಅವರ ಕೈಯಲ್ಲಿದ್ದ ಕಾಯಿ ಹಾಗೇ ನಿಂತಿತು.

“ನಾನು ಕಂಡದ್ದನ್ನೇ ಬರೆದೆ, ತಾಯಿ. ಕಾಣದ್ದನ್ನು ಯಾವತ್ತೂ ಬರೆದವನಲ್ಲ.”

“ಒಂಬತ್ತು ಆದಮೇಲೆ ಬೇರೆ ಥರ ಕಾಣುತ್ತಿತ್ತೇ?”

ಮೇಷ್ಟ್ರು ಕಾಯಿಯನ್ನು ಕೆಳಗಿಟ್ಟರು. ಅವರು ಸುಳ್ಳು ಹೇಳುವವರಲ್ಲ.

“ಇರಬಹುದು. ನಿನ್ನ ಕೈಯಿಂದ ಚೆಂಡು ಹೊರಟರೆ ಸಾಕು, ಬುಟ್ಟಿಗೆ ಬಿತ್ತು ಎಂದೇ ನನಗೆ ಅನ್ನಿಸುತ್ತಿತ್ತು. ಯಾವುದು ಕಂಡದ್ದು, ಯಾವುದು ಅನ್ನಿಸಿದ್ದು, ಈಗ ಹೇಗೆ ಬೇರೆ ಮಾಡಲಿ? ನೀನೂ ಅಂಗಳದಲ್ಲೇ ಇದ್ದೆಯಲ್ಲ, ಮಗಳೇ. ನಿನಗೆ ಗೊತ್ತಿರಬೇಕು.”

ಕಸ್ತೂರಿ ನೆನಪು ಮಾಡಿಕೊಳ್ಳಲು ನೋಡಿದಳು. ಚೆಂಡನ್ನು ಬಿಟ್ಟದ್ದು ನೆನಪಿತ್ತು. ಬಿಟ್ಟಮೇಲೆ ಏನಾಯಿತೆಂಬುದು ಕಲಸಿಹೋಗಿತ್ತು. ಒಂದು ಪಂದ್ಯದ ಬುಟ್ಟಿ ಇನ್ನೊಂದು ಪಂದ್ಯದಲ್ಲಿ ಬೀಳುತ್ತಿತ್ತು. ಕಾಫಿ ಬರುವ ಮೊದಲೇ ಅವಳು ಹೊರಟು ಬಂದಳು. ಆ ವಾರದ ಪಂದ್ಯಕ್ಕೆ ಮೇಷ್ಟ್ರು ಮೇಜಿಗೆ ಬರಲಿಲ್ಲ. ಆಮೇಲೂ ಬರಲಿಲ್ಲ. ಅವರ ಜಾಗದಲ್ಲಿ ಬೇರೆ ಊರಿನ ಒಬ್ಬ ಹೆಣ್ಣುಮಗಳು ಕಂಪ್ಯೂಟರ್ ಇಟ್ಟುಕೊಂಡು ಕೂತಳು.

ಕಸ್ತೂರಿ ತನ್ನಿಂದ ಚೆಂಡು ಪಡೆದವರನ್ನೆಲ್ಲ ವಿಚಾರಿಸಿದಳು. ಒಬ್ಬಳು, ಎಲ್ಲ ನಿಮ್ಮವೇ ಅಕ್ಕ, ನಾನು ಕೈ ಎತ್ತಿದ್ದಷ್ಟೇ ಎಂದಳು. ಇನ್ನೊಬ್ಬಳು, ಅರ್ಧವಾದರೂ ನನ್ನ ಕಷ್ಟದ್ದು ಎಂದಳು. ಮದುವೆಯಾಗಿ ಆಟ ಬಿಟ್ಟಿದ್ದವಳೊಬ್ಬಳು, ಅದೆಲ್ಲ ಯಾರಿಗೆ ನೆನಪಿರುತ್ತದೆ, ಮಗುವಿಗೆ ಹುಷಾರಿಲ್ಲ, ಆಮೇಲೆ ಫೋನ್ ಮಾಡುತ್ತೇನೆ ಎಂದು ಇಟ್ಟುಬಿಟ್ಟಳು. ಕೊನೆಗೆ ಜೆಸಿಂತಾಳೇ ಬಂದು ಅವಳ ಕೈ ಹಿಡಿದುಕೊಂಡಳು.

“ನಾನು ತಮಾಷೆಗೆ ಹೇಳಿದ್ದು ಕಣೆ. ಆ ಬುಟ್ಟಿ ನಿನ್ನದೇ.”

“ನನ್ನ ಸಮಾಧಾನಕ್ಕೆ ಹೇಳುತ್ತಿದ್ದೀಯ.”

“ಆಣೆ ಮಾಡಬೇಕಾ? ಆವತ್ತು ಇಬ್ಬರನ್ನು ದಾಟಿದೆನೋ, ಒಬ್ಬಳನ್ನೋ... ನೀನು ಕೇಳಿ ಕೇಳಿ ನನಗೂ ಈಗ ಗೊತ್ತಾಗುತ್ತಿಲ್ಲ.”

ಕಸ್ತೂರಿ ಸಂಘಕ್ಕೆ ಪತ್ರ ಬರೆದಳು. ಸಂಶಯ ಇರುವ ಪಂದ್ಯಗಳನ್ನು ದಾಖಲೆಯಿಂದ ತೆಗೆದುಹಾಕಿ ಎಂದು ಕೇಳಿದಳು. ಕಾರ್ಯದರ್ಶಿ ಅವಳನ್ನು ಕರೆಸಿದರು.

“ಯಾವುದನ್ನು ತೆಗೆಯಲಿ, ಹೇಳಿ ಮೇಡಂ.”

ಮೇಷ್ಟ್ರು ಬರೆದ ಹದಿನೇಳನ್ನೂ ತೆಗೆಯಿರಿ ಎಂದಳು.

“ಅದರಲ್ಲಿ ಸರಿಯಾದವೂ ಇರುತ್ತವಲ್ಲ? ಅವನ್ನು ತೆಗೆದರೆ ಅದೂ ತಪ್ಪಾಗುತ್ತದೆ. ಮೇಷ್ಟ್ರು ಬರೆದದ್ದನ್ನು ಆಗ ಎರಡೂ ತಂಡದವರು ಒಪ್ಪಿದ್ದಾರೆ. ನೀವು ಆಡಿಕೊಂಡಿರಿ.”

ಅವಳು ಆಡಿದಳು. ಆದರೆ ಮೊದಲಿನ ಹಾಗೆ ಅಲ್ಲ. ಯಾರೂ ಎರಡು ಮಾತು ಆಡದಂಥ ಚೆಂಡನ್ನು ಮಾತ್ರ ಕೊಡಬೇಕೆಂದು ಅವಳ ಮನಸ್ಸು ತಾನಾಗಿ ನಿಶ್ಚಯಿಸಿತ್ತು. ಬುಟ್ಟಿಯ ಕೆಳಗೇ ನಿಂತವರಿಗೆ, ಹಿಡಿದು ಎತ್ತಿದರೆ ಸಾಕು ಎಂಬಂಥವರಿಗೆ ಕೊಡುವಳು. ದೂರದಲ್ಲಿ ಓಡುವವರಿಗೆ ಕೊಡುವ ಮೊದಲು ಒಂದು ಕ್ಷಣ ತಡೆಯುವಳು. ಕೊಟ್ಟಮೇಲೆ ಚೆಂಡನ್ನು ನೋಡುತ್ತಿರಲಿಲ್ಲ, ಮೇಜನ್ನು ನೋಡುತ್ತಿದ್ದಳು. ಕೋಚ್ ಗದರಿದರು. ಏನಾಗಿದೆ ಎಂದು ಕೇಳಿದರೆ ಅವಳಿಗೇ ಗೊತ್ತಿರಲಿಲ್ಲ. ಪ್ರಾಮಾಣಿಕವಾಗಿ ಆಡುತ್ತಿದ್ದೇನೆ ಎಂದುಕೊಂಡಿದ್ದಳು.

ಹೀಗಿರುವಾಗ ದೊಡ್ಡ ಪಂದ್ಯಾವಳಿ ಬಂತು. ಕಸ್ತೂರಿ, ಜೆಸಿಂತಾ ಇಬ್ಬರೂ ಹನ್ನೊಂದು ವರ್ಷ ಜೊತೆಗೆ ಆಡಿದ್ದರು. ಒಂದು ಸಲವೂ ಆ ಕಪ್ಪನ್ನು ಗೆದ್ದಿರಲಿಲ್ಲ. ಜೆಸಿಂತಾಳ ಮೊಣಕಾಲು ಸವೆದಿತ್ತು. ಡಾಕ್ಟರು ಬೇಡವೆಂದಿದ್ದರೂ, ಇದೊಂದು ಆಡಿಬಿಡುತ್ತೇನೆ ಎಂದು ಪಟ್ಟಿ ಕಟ್ಟಿಕೊಂಡು ಬಂದಿದ್ದಳು.

ತಂಡ ಫೈನಲ್‌ಗೆ ಬಂತು. ಕೊನೆಯ ಆರು ಸೆಕೆಂಡು ಉಳಿದಿದ್ದಾಗ ಅವರು ಒಂದು ಅಂಕದಿಂದ ಹಿಂದೆ ಇದ್ದರು. ಚೆಂಡು ಕಸ್ತೂರಿಯ ಕೈಗೆ ಬಂತು. ಜೆಸಿಂತಾ ಆಗಲೇ ಕುಂಟುತ್ತಾ ಮುಂದಕ್ಕೆ ಓಡಿದ್ದಳು. ಅವಳ ಸುತ್ತ ಯಾರೂ ಇರಲಿಲ್ಲ. ಒಂದು ಕೈ ಎತ್ತಿ, ಬಾಯಿಬಿಟ್ಟು ಕೂಗಿದಳು.

ಕಸ್ತೂರಿ ಅವಳನ್ನು ಕಂಡಳು. ಅಲ್ಲಿಂದ ಬುಟ್ಟಿಗೆ ಇನ್ನೂ ಎರಡು ಮೂರು ಸಲ ತಟ್ಟಿಕೊಂಡು ಹೋಗಬೇಕು, ಅದು ಯಾರದಾಗುತ್ತದೆ ಎಂಬ ಯೋಚನೆ ಬಂತು. ಬೇಕೆಂದು ಬಂದದ್ದಲ್ಲ. ಕಣ್ಣು ಮಿಟುಕಿಸುವಷ್ಟು ಹೊತ್ತು ಬಂದು ಹೋಯಿತು. ಅಷ್ಟರಲ್ಲಿ ಎದುರಾಳಿಯೊಬ್ಬಳು ನಡುವೆ ಬಂದಳು. ಕಸ್ತೂರಿ ನಿಂತಲ್ಲಿಂದಲೇ ಚೆಂಡನ್ನು ಎಸೆದಳು. ಅದು ಬುಟ್ಟಿಯ ಕಬ್ಬಿಣದ ಬಳೆಗೆ ತಾಗಿ ಹೊರಗೆ ಬಿತ್ತು. ಪಂದ್ಯ ಮುಗಿಯಿತು.

ಬಟ್ಟೆ ಬದಲಾಯಿಸುವ ಕೋಣೆಯಲ್ಲಿ ಜೆಸಿಂತಾ ಮೊಣಕಾಲಿನ ಪಟ್ಟಿ ಬಿಚ್ಚುತ್ತಿದ್ದಳು. ತಲೆ ಎತ್ತದೆ ಕೇಳಿದಳು.

“ನಾನು ಕೈ ಎತ್ತಿದ್ದು ಕಾಣಿಸಲಿಲ್ಲವಾ?”

“ಕಾಣಿಸಿತು.”

“ಮತ್ತೆ?”

ಕಸ್ತೂರಿ ಬಗ್ಗಿ ತನ್ನ ಬೂಟಿನ ದಾರ ಬಿಚ್ಚತೊಡಗಿದಳು. ಜೆಸಿಂತಾ ಬ್ಯಾಗು ತೆಗೆದುಕೊಂಡು, ಗೋಡೆ ಹಿಡಿದುಕೊಂಡು ಮೆಟ್ಟಿಲಿಳಿದು ಹೋದಳು. ಮತ್ತೆ ಆಡಲಿಲ್ಲ.

ಕಸ್ತೂರಿ ಇನ್ನೆರಡು ವರ್ಷ ಆಡಿ ನಿಲ್ಲಿಸಿದಳು. ಹೋದ ಕಡೆಯಲ್ಲೆಲ್ಲ ಅವಳನ್ನು ಇಪ್ಪತ್ತಮೂರು ಪಂದ್ಯಗಳ ಕಸ್ತೂರಿ ಎಂದೇ ಪರಿಚಯ ಮಾಡಿಸುತ್ತಾರೆ. ಆ ಸಂಖ್ಯೆ ಸರಿಯೋ ತಪ್ಪೋ ಅವಳಿಗೆ ಇವತ್ತಿಗೂ ತಿಳಿದಿಲ್ಲ. ಇನ್ನು ತಿಳಿಯುವುದೂ ಇಲ್ಲ.

ಗುರುಗಳು ಕತೆ ನಿಲ್ಲಿಸಿದರು. ಮಲ್ಲಿನಾಥ ಮುಂದೇನೋ ಇದೆ ಎಂದು ಕಾದ. ಇಲ್ಲವೆಂದು ತಿಳಿದಾಗ ಅವನ ಗೊಂದಲ ಮೊದಲಿಗಿಂತ ಹೆಚ್ಚಾಗಿತ್ತು.

“ಹಾಗಾದರೆ ಗುರುಗಳೇ, ಅಷ್ಟು ವರ್ಷ ಅವಳ ಕೈಯಿಂದ ಹೋದ ಚೆಂಡುಗಳಲ್ಲಿ ನಿಜವಾಗಿ ಅವಳದು ಯಾವುದು?”

ಗುರುಗಳು ಹೇಳಿದರು:

“ಅವಳದೇ ಎಂದು ಯಾವ ಸಂಶಯವೂ ಇಲ್ಲದೆ ಹೇಳಬಹುದಾದ ಚೆಂಡು ಒಂದೇ, ಮಲ್ಲಿನಾಥ, ಜೆಸಿಂತಾಳಿಗೆ ಕೊಡದೆ ಉಳಿಸಿಕೊಂಡದ್ದು.”